ಗೋಡೆಯ ಮೇಲೆ ನನ್ನ ಬಾಯಿ

ಕಳೆದ ಚಳಿಗಾಲವಿಡೀ ದುಬೈಯ ಒಂದು ಗೋದಾಮಿನ ಗೋಡೆಯ ಮೇಲೆ ನನ್ನ ಬಾಯಿ ಆಳೆತ್ತರಕ್ಕೆ ತೆರೆದು ಮುಚ್ಚುತ್ತಿತ್ತು. ಬಾಯಿ ಮಾತ್ರ. ಕಣ್ಣಿಲ್ಲ, ಹಣೆಯಿಲ್ಲ, ಮೂಗಿನ ತುದಿಯಿಂದ ಗಲ್ಲದವರೆಗೆ ಅಷ್ಟೇ. ತುಟಿಯ ಪಕ್ಕದ ನನ್ನ ಮಚ್ಚೆ ಊಟದ ತಟ್ಟೆಯಷ್ಟಾಗಿತ್ತು. ಬಾಯಿ ಬಿಟ್ಟರೆ ಬಣ್ಣಗೇಡು ಎಂದು ನಮ್ಮಮ್ಮ ಹೇಳುತ್ತಿದ್ದಳು. ಅವಳು ಹೇಳಿದ್ದು ನೆರೆಹೊರೆಯ ಮಟ್ಟಿಗೆ. ನನ್ನ ಬಣ್ಣಗೇಡಿಗೆ ಪ್ರೊಜೆಕ್ಟರು ಇತ್ತು, ಸ್ಪೀಕರು ಇತ್ತು, ಕೆಳಗೆ ಇಂಗ್ಲಿಷಿನಲ್ಲಿ ಅರ್ಥವೂ ಇತ್ತು. ಆ ಅರ್ಥ ಬರೆದುಕೊಟ್ಟವಳು ನಾನೇ. ದಿನಾ ಬೆಳಿಗ್ಗೆ ಹೋಗಿ ಅದರ ಸ್ವಿಚ್ಚು ಹಾಕಬೇಕಾದವಳೂ ನಾನೇ!

ನಾನು ಕೆಲಸ ಮಾಡುವುದು ರಾಸ್ ಅಲ್ ಖೋರ್‌ನ ಗ್ಯಾರೇಜುಗಳ ನಡುವೆ, ಗೋದಾಮೊಂದನ್ನು ಬಳಿದು ಬೆಳಗಿಸಿ ಮಾಡಿದ ಕಲಾ ಕೇಂದ್ರದಲ್ಲಿ. ಮುಂಬಾಗಿಲ ಮೇಜು ನನ್ನದು. ಬಂದವರಿಗೆ ನಗುವುದು, ಪ್ರೊಜೆಕ್ಟರು ಹಾಕುವುದು, ಶೌಚಾಲಯ ಎಲ್ಲಿ ಎಂದು ತೋರಿಸುವುದು. ಆಚೆ ಕಡೆ ಲಾರಿಯ ಬಂಪರ್ ಬಡಿಯುವ ಸದ್ದು, ಈಚೆ ಕಡೆ ಕಲೆ. ಅದರಲ್ಲಿ ಯಾವುದು ಯಾವುದು ಎಂದು ಕೆಲವು ಪ್ರದರ್ಶನಗಳಲ್ಲಿ ನನಗೂ ಗೊತ್ತಾಗುವುದಿಲ್ಲ. ಗಂಡ ಅಬುಧಾಬಿಯ ಒಂದು ಹೋಟೆಲಿನಲ್ಲಿ; ವಾರಕ್ಕೊಮ್ಮೆ ಬರುತ್ತಾರೆ. ಉಳಿದ ದಿನ ಡಿಸ್ಕವರಿ ಗಾರ್ಡನ್ಸ್‌ನ ಫ್ಲ್ಯಾಟಿನಲ್ಲಿ ನಾನು ಮತ್ತು ಮಗಳು. ಅವರ ಮನೆಮಾತು ತುಳು, ನನ್ನ ತವರಿನದು ಕನ್ನಡ. ಹೀಗಾಗಿ ನಮ್ಮಲ್ಲಿ ಮುದ್ದು ಮಾಡುವುದು ತುಳುವಿನಲ್ಲಿ, ಶಾಲೆಯ ಮಾತು ಇಂಗ್ಲಿಷಿನಲ್ಲಿ, ಬೈಯುವುದು ಕನ್ನಡದಲ್ಲಿ. ಮಗಳು ಮೂರಕ್ಕೂ ಇಂಗ್ಲಿಷಿನಲ್ಲೇ ಉತ್ತರ ಕೊಡುತ್ತಾಳೆ.

ಆ ಕಲಾವಿದೆ ಬಂದದ್ದು ಫಿನ್ಲೆಂಡಿನಿಂದ. ನನಗಿಂತ ಹಿರಿಯರು. ಬಿಳಿಗೂದಲನ್ನು ಗಂಡಸರ ಹಾಗೆ ಕತ್ತರಿಸಿಕೊಂಡವರು. ಅವರ ಪರಿಚಯದ ಹಾಳೆಯಲ್ಲಿ ಪರ್ಫಾರ್ಮೆನ್ಸ್, ವಿಡಿಯೋ, ಇನ್‌ಸ್ಟಾಲೇಶನ್ ಎಂದು ಬರೆದಿತ್ತು. ಅಂದರೆ ಚಿತ್ರ ಬರೆಯುವವರಲ್ಲ. ಜನರ ಮುಂದೆ ತಾವೇ ನಿಂತು ಏನಾದರೊಂದು ಕೆಲಸ ಮಾಡುತ್ತಾರೆ, ಏನನ್ನಾದರೂ ಚಿತ್ರೀಕರಿಸುತ್ತಾರೆ, ಕೊನೆಗೆ ಇಡೀ ಕೋಣೆಗೆ ವಸ್ತುಗಳನ್ನು ಜೋಡಿಸಿ ನಮ್ಮನ್ನು ಅದರ ನಡುವೆ ಓಡಾಡಿಸುತ್ತಾರೆ. ಮಾತು ಬಹಳ ಕಡಿಮೆ. ಹೌದು ಎನ್ನಬೇಕಾದರೆ ಉಸಿರನ್ನು ಒಳಗೆಳೆದುಕೊಂಡು 'ಯೋ' ಎನ್ನುತ್ತಿದ್ದರು. ಮೊದಲ ದಿನ ನಾನು ಅವರಿಗೆ ಉಬ್ಬಸ ಎಂದುಕೊಂಡು ನೀರು ತಂದುಕೊಟ್ಟಿದ್ದೆ. ಅವರ ಕಡೆ ಹಾಗೆಯೇ ಹೂಂಗುಟ್ಟುವುದಂತೆ. ನಾನು ಮೇಡಂ ಎಂದರೆ ಮುಖ ಕಿವುಚುತ್ತಿದ್ದರು.

ಅವರು ಇಲ್ಲಿ ಮಾಡಹೊರಟಿದ್ದು ಬೈಗುಳದ ಕೆಲಸ. ಊರು ಬಿಟ್ಟು ಬಂದ ತಾಯಂದಿರು ಮಕ್ಕಳನ್ನು ತಮ್ಮ ತಮ್ಮ ಭಾಷೆಯಲ್ಲಿ ಹೇಗೆ ಬೈಯುತ್ತಾರೆ ಎಂದು ಚಿತ್ರೀಕರಿಸುವುದು. ಮುಖ ಬೇಡ, ಬಾಯಿ ಮಾತ್ರ. ಹಲವರು ಬಂದು ಬೈದು ಹೋದರು. ಕೊನೆಗೆ ನನ್ನ ಮೇಜಿನ ಮುಂದೆ ನಿಂತು, "ನಿನ್ನದು?" ಎಂದರು.

ಅಯ್ಯೋ, ಕೇಳಬೇಕೇ? ಬೈಯಲು ಹೇಳಿ ಕ್ಯಾಮೆರಾ ಇಟ್ಟರೆ ಯಾರು ಬಿಡುತ್ತಾರೆ? ಅಂದು ಬೆಳಿಗ್ಗೆಯಷ್ಟೇ ಮನೆಯಲ್ಲಿ ಜಗಳವಾಗಿತ್ತು. ರಾತ್ರಿ ಮೆಷಿನಿನಿಂದ ಬಟ್ಟೆ ತೆಗೆದು ಹರಡು ಎಂದರೆ ಮಗಳು ಮರೆತಿದ್ದಳು. ಎಲ್ಲ ಬಟ್ಟೆಯೂ ಮುಗ್ಗಲು ವಾಸನೆ. ಆ ಸಿಟ್ಟು ಇನ್ನೂ ಗಂಟಲಲ್ಲೇ ಇತ್ತು. ಕಲಾವಿದೆ ಕ್ಯಾಮೆರಾದ ಪಕ್ಕ ಕುರ್ಚಿ ಹಾಕಿ ಮಗಳ ಹಾಗೆ ತಲೆ ತಗ್ಗಿಸಿ ಕೂತರು. ನಾನು ಶುರು ಮಾಡಿದೆ.

"ಏನೇ, ಕಿವಿಗೆ ಎಂತ ತುರುಕಿಕೊಂಡಿದ್ದಿ? ಒಂದು ಕೆಲಸ ಹೇಳಿದ್ರೆ ನೆಟ್ಟಗೆ ಮಾಡ್ಲಿಕ್ಕುಂಟಾ ನಿಂಗೆ? ತಿನ್ನುದು, ಮಲಗುದು, ಆ ಮೊಬೈಲು ಒತ್ತುದು! ನಿನ್ನ ಬದಲು ಒಂದು ಕಲ್ಲು ಹೆತ್ತಿದ್ರೆ ಬಟ್ಟೆ ಒಗೀಲಿಕ್ಕಾದ್ರೂ ಆಗ್ತಿತ್ತು!"

ಇದನ್ನು ಓದುತ್ತಿರುವ ನಿಮ್ಮಲ್ಲಿ ಈ ಕಲ್ಲಿನ ಮಾತು ಕೇಳದೆ ಬೆಳೆದವರು ಕಡಿಮೆ. ನಮ್ಮಮ್ಮ ನನಗೆ ಹೇಳಿದ್ದಳು, ಅವಳಮ್ಮ ಅವಳಿಗೆ. ಇದು ಬೈಗುಳದ ಲೆಕ್ಕಕ್ಕೇ ಬರುವುದಿಲ್ಲ. ಹೇಳಿ ಮುಗಿಸಿ ಅದೇ ಬಾಯಲ್ಲಿ 'ಬಾ, ದೋಸೆ ತಣಿಯುತ್ತದೆ' ಎನ್ನುತ್ತೇವೆ. ಕಲಾವಿದೆ ಅರ್ಥ ಕೇಳಿದರು. ನಾನು ನಗುನಗುತ್ತ ಹೇಳಿದೆ. ಅವರು ನಗಲಿಲ್ಲ. ತಮಾಷೆ ಮುಟ್ಟಲಿಲ್ಲ ಎಂದುಕೊಂಡು ನಮ್ಮ ಮನೆಯ ಹಳೆಯ ಕಥೆಯನ್ನೂ ಹೇಳಿದೆ.

ಮಗಳು ಒಂದನೇ ಕ್ಲಾಸಿನಲ್ಲಿದ್ದಾಗಿನ ಕಥೆ ಅದು. ಶುಕ್ರವಾರ ಮಧ್ಯಾಹ್ನ ಊಟಕ್ಕೆ ಊರಿನವರು ಬಂದಿದ್ದರು. ಅವಳ ಯೂನಿಫಾರಂ ಜೇಬಿನಲ್ಲಿ ಕ್ರೇಯಾನ್ ಇದ್ದದ್ದು ನೋಡದೆ ಮೆಷಿನಿಗೆ ಹಾಕಿ, ಗಂಡನ ಡ್ಯೂಟಿಯ ಬಿಳಿ ಅಂಗಿಗಳೆಲ್ಲ ನೇರಳೆಯಾಗಿದ್ದವು. ನಾನು ಎಲ್ಲರೆದುರೇ ಕಲ್ಲಿನ ಮಾತು ಎತ್ತಿದೆ. ಅವಳು ಸೊಂಟಕ್ಕೆ ಕೈ ಕೊಟ್ಟು, "ಮೆಷಿನ್ ಉಂಟಲ್ಲ ಅಮ್ಮ?" ಎಂದಳು. ಬಂದವರೆಲ್ಲ ಹೊಟ್ಟೆ ಹುಣ್ಣಾಗುವಷ್ಟು ನಕ್ಕರು. ಆ ಮಾತು ನಮ್ಮ ಬಳಗದಲ್ಲಿ ಗಾದೆಯೇ ಆಗಿಹೋಯಿತು. ಯಾರ ಮನೆಯ ಊಟಕ್ಕೆ ಹೋದರೂ ನನ್ನಿಂದ ಹೇಳಿಸುತ್ತಿದ್ದರು. ಹೇಳಿಸದಿದ್ದರೆ ನಾನೇ ಹೇಳುತ್ತಿದ್ದೆ.

ಕಲಾವಿದೆ ಕೇಳಿಸಿಕೊಂಡರು. "ಆಮೇಲೆ ಅವಳು ಏನಂದಳು?" ಎಂದರು.

"ಆಮೇಲೆ ಏನಿಲ್ಲ. ನಾವೆಲ್ಲ ನಕ್ಕೆವು."

ಅವರು ಉಸಿರನ್ನು ಒಳಗೆಳೆದುಕೊಂಡರು. ನಂತರ ಬಹಳ ಹೊತ್ತು ಆ ಕಲ್ಲಿನ ಬಗ್ಗೆಯೇ ಕೇಳಿದರು. ಎಷ್ಟು ಎತ್ತರ, ಇಳಿಜಾರು ಹೇಗೆ, ಮೇಲ್ಮೈ ನುಣುಪೋ ಒರಟೋ. ಅವರ ಊರಿನಲ್ಲಿ ಬೇಸಿಗೆ ಬಂದರೆ ಹೆಂಗಸರು ನೆಲಹಾಸುಗಳನ್ನು ನೀರಿನ ದಡಕ್ಕೆ ಹೊತ್ತುಕೊಂಡು ಹೋಗಿ ಸಾಬೂನು ಹಾಕಿ ಬ್ರಷ್ಷಿನಲ್ಲಿ ತಿಕ್ಕುತ್ತಾರಂತೆ. ಅವರ ತಾಯಿ ಆ ಹೊತ್ತಿನಲ್ಲಿ ಮಾತ್ರ ಬೈಯುತ್ತಿದ್ದರಂತೆ. ಉಳಿದ ವರ್ಷವೆಲ್ಲ ಮೌನ. "ಯಾವುದು ಹೆಚ್ಚು ನೋಯಿಸಿತು ಎಂದು ನನಗೆ ಇನ್ನೂ ತಿಳಿದಿಲ್ಲ" ಎಂದರು. ನಾನು ಚಹಾ ಬೇಕೇ ಎಂದು ಕೇಳಿದೆ.

ಕಟ್ಟಡದ ಕಲ್ಲು ಮಾರುವ ಅಂಗಳವೊಂದಕ್ಕೆ ಹೋಗಿ ನಾವಿಬ್ಬರೂ ಕಲ್ಲು ಆರಿಸಿದೆವು. ಬೇಕಾದ ಇಳಿಜಾರನ್ನು ನಾನು ಕೈಯಲ್ಲಿ ತೋರಿಸಿದೆ, ಅಲ್ಲಿಯವರು ಕೊಯ್ದುಕೊಟ್ಟರು. ಪ್ರದರ್ಶನ ಶುರುವಾದಾಗ ಕೋಣೆಯ ನಟ್ಟನಡುವೆ ಆ ಒಗೆಯುವ ಕಲ್ಲು, ಸುತ್ತ ನಾಲ್ಕೂ ಗೋಡೆಗಳಲ್ಲಿ ಬೈಯುವ ಬಾಯಿಗಳು. ಕಲಾವಿದೆ ದಿನವೂ ಒಂದಷ್ಟು ಹೊತ್ತು ಬರಿಗಾಲಲ್ಲಿ ನಿಂತು ಆ ಕಲ್ಲಿನ ಮೇಲೆ ನೆಲಹಾಸು ತಿಕ್ಕುತ್ತಿದ್ದರು. ಒಂದು ಮಾತಿಲ್ಲ. ಅದೇ ಅವರ ಪರ್ಫಾರ್ಮೆನ್ಸ್. ಮೂಲೆಯಲ್ಲಿ ಒಂದು ಪುಟ್ಟ ಗೂಡು ಕಟ್ಟಿಸಿದ್ದರು. ನೋಡಲು ಬಂದವರಲ್ಲಿ ಯಾರಿಗಾದರೂ ತಮ್ಮ ತಾಯಿಗೆ ಉತ್ತರ ಹೇಳಬೇಕು ಎನಿಸಿದರೆ ಒಳಗೆ ಕೂತು ಕ್ಯಾಮೆರಾಕ್ಕೆ ಹೇಳಬಹುದು. ಆ ಉತ್ತರಗಳೂ ಗೋಡೆ ಸೇರುತ್ತಿದ್ದವು.

ಇನ್ನು ಇಂಗ್ಲಿಷ್ ಸಾಲು. ನನ್ನ ಬೈಗುಳಕ್ಕೆ ನಾನೇ ಅರ್ಥ ಟೈಪು ಮಾಡಿದ್ದೆ. ಇಂಗ್ಲಿಷ್ ಬರುತ್ತದೆ ಎಂಬ ಜಂಬ ಬೇರೆ. ನಿನ್ನ ಬದಲು, ಕಲ್ಲು, ಹೆತ್ತಿದ್ದರೆ, ಎಂದು ಪದಕ್ಕೆ ಪದ ಇಟ್ಟೆ. ಉದ್ಘಾಟನೆಯ ಸಂಜೆ ಒಬ್ಬ ಬಿಳಿಯ ವೃದ್ಧೆ ನನ್ನ ಬಾಯಿಯ ಮುಂದೆ ನಿಂತು ಅದನ್ನು ಓದಿದರು. ಕೈ ಎದೆಗೆ ಹೋಯಿತು. ಪಕ್ಕದವರಿಗೆ ಮೆಲ್ಲಗೆ, "ದೇವರೇ, ಪಾಪ ಆ ಮಗು" ಎಂದರು.

ಆಗ ನಾನೂ ಓದಿದೆ. ಮೊದಲ ಸಲ ಓದಿದಂತೆ ಓದಿದೆ. ಗೋಡೆಯ ಮೇಲೆ ಒಬ್ಬಳು ತಾಯಿ ಮಗಳಿಗೆ, ನೀನು ಹುಟ್ಟಬಾರದಿತ್ತು ಎನ್ನುತ್ತಿದ್ದಳು. ಕನ್ನಡದಲ್ಲಿ ಇದ್ದ ನಗು, ದೋಸೆ, ಅಮ್ಮ, ಅಜ್ಜಿ ಯಾವುದೂ ಅಲ್ಲಿರಲಿಲ್ಲ. ಭೂಮಿ ಬಾಯಿ ಬಿಡಬಾರದೇ ಎನಿಸಿತು. ಆ ವೃದ್ಧೆ ಹೊರಡುವಾಗ ಮೇಜಿನ ಬಳಿ ಬಂದು ಥ್ಯಾಂಕ್ಯೂ ಎಂದರು. ನಾನು ಕೈಯಿಂದ ಮಚ್ಚೆ ಮುಚ್ಚಿಕೊಂಡು ವೆಲ್ಕಮ್ ಎಂದೆ.

ಸಾಲನ್ನು ತಿದ್ದಬಹುದಿತ್ತು. ಕೂತು ನೋಡಿದೆ. ಇದು ತಮಾಷೆಗೆ ಹೇಳಿದ್ದು ಎಂದು ಬರೆಯಲೇ? ನಮ್ಮ ಕಡೆ ಹೀಗೇ ಎಂದು ಬರೆಯಲೇ? ಏನು ಬರೆದರೂ ಕಳ್ಳನ ವಕಾಲತ್ತಿನ ಹಾಗೆ ಕೇಳುತ್ತಿತ್ತು. ಸುಮ್ಮನಾದೆ. ಹೇಗೂ ಬಾಯಿ ಯಾರದೆಂದು ಯಾರಿಗೆ ಗೊತ್ತು ಎಂದು ಸಮಾಧಾನ ಮಾಡಿಕೊಂಡೆ.

ಒಂದು ಸಂಜೆ ಮಗಳು ಫೋನಿನಿಂದ ಕಣ್ಣೆತ್ತದೆ, "ಅಮ್ಮ, ವಿ ಆರ್ ಕಮಿಂಗ್ ಟು ಯುವರ್ ಪ್ಲೇಸ್. ಥರ್ಸ್‌ಡೇ. ಆರ್ಟ್ ಕ್ಲಾಸ್" ಎಂದಳು.

"ಎಂತ? ಎಲ್ಲಿಗೆ?"

"ಯುವರ್ ಗ್ಯಾಲರಿ, ಅಮ್ಮ. ದ ಫಿನ್ನಿಶ್ ಲೇಡಿ."

ಊರೆಲ್ಲ ಓದಲಿ, ಇವಳು ಓದಬಾರದು. ಅಷ್ಟೇ ನನಗೆ ಬೇಕಾಗಿದ್ದದ್ದು. ಹದಿನಾರರ ಹುಡುಗಿ; ಮಾತಿಗೆ ಮಾತು ಕೊಡುವುದನ್ನು ಬಿಟ್ಟು ಕೋಣೆಯ ಬಾಗಿಲು ಹಾಕಿಕೊಳ್ಳುವುದನ್ನು ಕಲಿತಿದ್ದಳು. ಬೈದರೆ ಕಿವಿಗೆ ಇಯರ್‌ಫೋನು. ಅವಳಿಗೆ ನನ್ನ ಕನ್ನಡ ಮುಟ್ಟುತ್ತಿಲ್ಲ ಎಂಬುದು ನನಗೆ ಬೇಸರವೂ ಹೌದು, ಧೈರ್ಯವೂ ಹೌದು. ಆದರೆ ಇಂಗ್ಲಿಷ್ ಮುಟ್ಟುತ್ತದಲ್ಲ!

ಮರುದಿನ ಕಲಾವಿದೆಯ ಬಳಿ ಹೋದೆ. "ನನ್ನ ಬಾಯಿಯನ್ನು ತೆಗೆದುಬಿಡಿ. ನನ್ನ ಮಗಳು ಬರುತ್ತಾಳೆ."

"ಖಂಡಿತ. ನಿನ್ನ ಮಾತು, ನಿನ್ನ ಹಕ್ಕು" ಎಂದರು. ಆಮೇಲೆ, "ಅವಳು ಇದನ್ನು ಮೊದಲೇ ಕೇಳಿಲ್ಲವೇ?" ಎಂದರು.

"ಕೇಳಿದ್ದಾಳೆ. ಅರ್ಥ ಆಗಿಲ್ಲ."

"ಅರ್ಥವಾಗದೆ ಮೆಷಿನ್ ಇದೆ ಎಂದು ಹೇಗೆ ಹೇಳಿದಳು?"

ನನಗೆ ಎಲ್ಲಿಲ್ಲದ ಸಿಟ್ಟು ಬಂತು. ಈ ಹೆಂಗಸಿಗೆ ಮಕ್ಕಳಿಲ್ಲ, ಮರಿಯಿಲ್ಲ, ನೆಲಹಾಸು ತಿಕ್ಕಿಕೊಂಡು ನನಗೆ ಬುದ್ಧಿ ಹೇಳಲು ಬರುತ್ತಾರೆ! "ಹಾಗಾದರೆ ಇರಲಿ ಬಿಡಿ" ಎಂದು ಎದ್ದು ಬಂದೆ. ಬಂದಮೇಲೆ ಎಂಥ ಪೆದ್ದು ನಾನು ಎಂದು ಹಣೆ ಚಚ್ಚಿಕೊಂಡೆ. ವಾಪಸು ಹೋಗಿ ಕೇಳಲು ಮರ್ಯಾದೆ ಅಡ್ಡ ಬಂತು. ಹೇಗೂ ಸ್ವಿಚ್ಚು ನನ್ನ ಕೈಯಲ್ಲಿ ಉಂಟಲ್ಲ ಎಂದುಕೊಂಡೆ.

ಗುರುವಾರ ಬೆಳಿಗ್ಗೆ ಎಲ್ಲ ಪ್ರೊಜೆಕ್ಟರುಗಳನ್ನು ಹಾಕಿದೆ, ನನ್ನದೊಂದನ್ನು ಬಿಟ್ಟು. ಕಲಾವಿದೆ ಒಳಗೆ ಬಂದವರು ಖಾಲಿ ಗೋಡೆ ನೋಡಿದರು, ನನ್ನನ್ನು ನೋಡಿದರು, ಚಪ್ಪಲಿ ಕಳಚಿ ತಿಕ್ಕಲು ನಿಂತರು. ಶಾಲೆಯ ಬಸ್ಸು ಬಂತು. ಮಗಳು ಗೆಳತಿಯರ ನಡುವೆ ನನ್ನತ್ತ ಅರ್ಧ ಕೈ ಎತ್ತಿದಳು. ಆ ವಯಸ್ಸಿನಲ್ಲಿ ಅದೇ ದೊಡ್ಡದು. ಎಲ್ಲರೂ ಒಳಹೋದರು. ನಾನು ಉಸಿರು ಬಿಟ್ಟೆ. ಆಗಲೇ ನಮ್ಮ ಟೆಕ್ನೀಷಿಯನ್, ಕಣ್ಣೂರಿನವನು, ತನ್ನ ಭಾಷೆಯಲ್ಲಿ ನನ್ನನ್ನು ಅಕ್ಕ ಎನ್ನುವವನು, ಗಡಿಬಿಡಿಯಿಂದ ಓಡಿ ಬಂದ. "ಚೇಚೀ, ಉತ್ತರ ದಿಕ್ಕಿನ ಗೋಡೆಯದ್ದು ಆಫ್ ಆಗಿತ್ತು! ಶಾಲೆಯವರು ಬಂದಿದ್ದಾರೆ, ಮಾನ ಹೋಗುತ್ತಿತ್ತು. ನಾನು ಹಾಕಿದೆ, ಖಲಾಸ್."

ನನ್ನ ದನಿ ಒಳಗಿನಿಂದ ಕೇಳಿಸಿತು. ಏನೇ, ಕಿವಿಗೆ ಎಂತ ತುರುಕಿಕೊಂಡಿದ್ದಿ?

ಮೇಜು ಬಿಟ್ಟು ಬಾಗಿಲ ತನಕ ಹೋದೆ. ಚೌಕಟ್ಟು ಹಿಡಿದು ಅಲ್ಲೇ ನಿಂತೆ. ಮಕ್ಕಳೆಲ್ಲ ನನ್ನ ಬಾಯಿಯ ಮುಂದೆ. ಕೆಲವರು ಓದಿ ಕಿಸಕ್ಕೆಂದರು. ಟೀಚರು ಹೌ ಪವರ್‌ಫುಲ್ ಎಂದರು. ಮಗಳು ಅಲುಗದೆ ನಿಂತಿದ್ದಳು, ತಲೆಯೆತ್ತಿ, ಆ ಮಚ್ಚೆಯನ್ನು ನೋಡುತ್ತ. ಪಕ್ಕದ ಹುಡುಗಿ ಅವಳನ್ನು ತಿವಿದು, ಇದು ನಿಮ್ಮ ಕಡೆಯ ಭಾಷೆಯಲ್ಲವೇ ಎಂದು ಕೇಳಿದಳು.

"ನೋ ಐಡಿಯಾ" ಎಂದಳು ನನ್ನ ಮಗಳು.

ಸತ್ಯ ಹೇಳಬೇಕೆಂದರೆ ಆ ಕ್ಷಣ ನನಗೆ ಜೀವ ಬಂದಹಾಗಾಯಿತು. ಅಬ್ಬಾ, ಬಚಾವು ಎಂದುಕೊಂಡೆ. ಆ ಅಬ್ಬಾ ಎಂಬುದು ಪೂರ್ತಿ ಮುಗಿಯುವ ಮೊದಲೇ ನಾಚಿಕೆ ಬಂತು. ನನ್ನ ಮಾನ ಉಳಿಸಲಿಕ್ಕೆ ಮಗು ತನ್ನ ಅಮ್ಮನ ಭಾಷೆಯನ್ನೇ ಗೊತ್ತಿಲ್ಲ ಎಂದು ಸುಳ್ಳು ಹೇಳಿದ್ದಳು. ಅದನ್ನು ಕೇಳಿ ನಾನು ಖುಷಿಪಟ್ಟಿದ್ದೆ.

ಉಳಿದವರು ಮುಂದಿನ ಗೋಡೆಗೆ ಹೋದರು. ಅವಳು ಕಲ್ಲಿನ ಬಳಿ ಹೋಗಿ, ತಿಕ್ಕುತ್ತಿದ್ದ ಕಲಾವಿದೆಯ ಕಿವಿಯಲ್ಲಿ ಏನೋ ಹೇಳಿದಳು. ಪರ್ಫಾರ್ಮೆನ್ಸಿನ ನಡುವೆ ಯಾರಿಗೂ ಉತ್ತರ ಕೊಡದ ಹೆಂಗಸು ಬ್ರಷ್ಷು ಕೆಳಗಿಟ್ಟರು, ಒದ್ದೆ ಕಾಲಲ್ಲೇ ನನ್ನ ಬಳಿ ಬಂದರು. "ಅವಳಿಗೆ ಉತ್ತರ ಹೇಳಬೇಕಂತೆ. ಚಿಕ್ಕವಳು, ತಾಯಿ ಒಪ್ಪಿದರೆ ಮಾತ್ರ. ತಾಯಿ ಎಲ್ಲಿ ಎಂದರೆ ನಿನ್ನನ್ನು ತೋರಿಸಿದಳು."

ಏನು ಹೇಳುತ್ತಾಳೋ ಎಂದು ಕೇಳಬೇಕೆನಿಸಿತು. ಯಾವ ಮುಖ ಇಟ್ಟುಕೊಂಡು ಕೇಳಲಿ? ಹೂಂ ಎನ್ನಹೋದೆ. ಅವರ ಹಾಗೆಯೇ ನನ್ನ ಉಸಿರೂ ಒಳಕ್ಕೇ ಹೋಯಿತು. ಮಗಳು ಗೂಡಿನೊಳಗೆ ಹೋಗಿ ಪರದೆ ಎಳೆದುಕೊಂಡಳು. ಹೊರಗೆ ಬಂದವಳು ಮುಖ ಒರೆಸಿಕೊಂಡು ಬಸ್ಸು ಹತ್ತಿದಳು.

ಸಂಜೆ ಮನೆಗೆ ಹೋಗಿ ಬಾಗಿಲು ತೆರೆದರೆ ಅವಳು ಬಾಲ್ಕನಿಯಲ್ಲಿ ಬಟ್ಟೆ ಹರಡುತ್ತಿದ್ದಳು. ನಾನು ಹೇಳಿರಲಿಲ್ಲ. ಒಂದೊಂದು ಅಂಗಿಯನ್ನೂ ಕೊಡವಿ, ಅಂಚು ಎಳೆದು, ಕ್ಲಿಪ್ಪು ಹಾಕುತ್ತಿದ್ದಳು. "ಹೇಗಿತ್ತು ಮಗಾ?" ಎಂದೆ. "ಇಟ್ ವಾಸ್ ಫೈನ್" ಎಂದಳು. ನೀರ್ದೋಸೆ ಮಾಡಿದೆ. ಎಂದಿಗಿಂತ ಹೆಚ್ಚೇ ತಿಂದಳು. ಅವಳು ಕೂಗಾಡಿದ್ದರೆ ನಾನು ತಡೆದುಕೊಳ್ಳುತ್ತಿದ್ದೆ. ಆ ಬಟ್ಟೆ ಹರಡಿದ್ದನ್ನು ತಡೆದುಕೊಳ್ಳಲಾಗಲಿಲ್ಲ.

ಮರುದಿನ ಕಲಾವಿದೆ ತಮ್ಮ ಲ್ಯಾಪ್‌ಟಾಪಿನ ಮುಂದೆ ನನ್ನನ್ನು ಕೂರಿಸಿದರು. "ನಿನ್ನೆಯದಕ್ಕೆ ಇಂಗ್ಲಿಷ್ ಸಾಲು ಬೇಕು. ನನಗೆ ಭಾಷೆ ಬರುವುದಿಲ್ಲ" ಎಂದು ಹೆಡ್‌ಫೋನು ಕೊಟ್ಟರು. ಪರದೆಯ ಮೇಲೆ ಬ್ರೇಸಸ್ ಹಾಕಿದ ಹಲ್ಲುಗಳ ಒಂದು ಬಾಯಿ. ಅದು ಅಚ್ಚ ಕನ್ನಡದಲ್ಲಿ, ನಮ್ಮೂರಿನ ರಾಗದಲ್ಲೇ, ಹೇಳಿತು:

"ಮೆಷಿನ್ ಉಂಟಲ್ಲ ಅಮ್ಮ. ನಾನು ಸಾಕಲ್ಲ?"

ಹೆಡ್‌ಫೋನಿನೊಳಗೆ ಆಮೇಲೆ ಏನೂ ಇರಲಿಲ್ಲ. ನನಗೆ ಮಾತ್ರ ಆ ಶುಕ್ರವಾರದ ನಗೆಯೆಲ್ಲ ಕೇಳಿಸಿತು. ಸೊಂಟಕ್ಕೆ ಕೈ ಕೊಟ್ಟು ನಿಂತಿದ್ದಳು ಎಂದು ನಾನು ಹೇಳುತ್ತ ಬಂದದ್ದು ಕಥೆಗೆ ಹಚ್ಚಿದ ಬಣ್ಣ. ಅವಳು ನನ್ನ ನೈಟಿ ಹಿಡಿದುಕೊಂಡಿದ್ದಳು. ಮೆಷಿನ್ ಉಂಟಲ್ಲ ಅಮ್ಮ, ನಾನು ಸಾಕಲ್ಲ, ಎಂದು ಒಂದೇ ಉಸಿರಿಗೆ ಕೇಳಿದ್ದಳು. ಅರ್ಧಕ್ಕೇ ನಗೆ ಎದ್ದಿತ್ತು. ನನಗೆ ಪೂರ್ತಿ ಕೇಳಿಸಿತ್ತು. ಅಷ್ಟು ವರ್ಷ, ಅಷ್ಟು ಮನೆಗಳಲ್ಲಿ, ನಗು ಬರುವಲ್ಲಿಗೆ ಕಥೆ ನಿಲ್ಲಿಸಿದವಳು ನಾನು.

ಎರಡು ಸಾಲು ಟೈಪು ಮಾಡಿದೆ. ಈ ಸಲ ಪದಕ್ಕೆ ಪದ ಇಟ್ಟರೂ ಏನೂ ಕೆಡಲಿಲ್ಲ. ಕಲಾವಿದೆ ಓದಿದರು. "ಇದನ್ನೇ ಅವಳು ಚಿಕ್ಕವಳಿದ್ದಾಗಲೂ ಕೇಳಿದ್ದಳೇ?" ಎಂದರು. ತಲೆಯಾಡಿಸಿದೆ.

"ನೀನು ಏನು ಉತ್ತರ ಕೊಟ್ಟೆ?"

ಅದೂ ನೆನಪಿತ್ತು. ನೆಂಟರ ಕಡೆ ತಿರುಗಿ ನಗುತ್ತಲೇ, ನೈಟಿಯಿಂದ ಅವಳ ಬೆರಳು ಬಿಡಿಸಿ, "ಸಾಕು ಸಾಕು, ಒಳಗೆ ಹೋಗು" ಎಂದಿದ್ದೆ.

"ಸಾಕು ಅಂದೆ" ಎಂದೆ.

"ಹಾಗೆಂದರೆ?"

"ಎನಫ್."

ಆ ಹೆಂಗಸು ಬಂದಾಗಿನಿಂದ ನಕ್ಕದ್ದನ್ನು ನಾನು ನೋಡಿರಲಿಲ್ಲ. ಅಂದು ನಕ್ಕರು. ನನ್ನ ಕೈಯ ಮೇಲೆ ಕೈ ಇಟ್ಟು, ಉಸಿರನ್ನು ಒಳಗೆಳೆದುಕೊಂಡು, "ಒಳ್ಳೆಯ ಉತ್ತರ" ಎಂದರು.

ನಾನು ಬಿಡಿಸಿ ಹೇಳಲಿಲ್ಲ.